ಗ್ಯಾಲರಿಯ ನಲವತ್ತೊಂದನೆಯವರು

ಬ್ಯಾಡಗಿಯಲ್ಲಿ ಫುಟ್‌ಬಾಲ್ ಬೆಳೆಸಲು ದೇವರು ಒಬ್ಬನನ್ನು ಆರಿಸಬೇಕಾಗಿ ಬಂದಿದ್ದರೆ ನನ್ನನ್ನೇ ಆರಿಸುತ್ತಿದ್ದ ಎಂಬುದರಲ್ಲಿ ನನಗೆ ಕಿಂಚಿತ್ತೂ ಸಂಶಯವಿರಲಿಲ್ಲ. ನಾನು ದರ್ಜಿ. ನಮ್ಮ ಜಿಲ್ಲೆಯಲ್ಲಿ ಪಗಾರ ಕೊಟ್ಟು ಆಡಿಸುವ ಫುಟ್‌ಬಾಲ್ ಲೀಗ್ ಶುರುವಾಗಿ ಹಾವೇರಿ, ರಾಣೆಬೆನ್ನೂರು, ಬ್ಯಾಡಗಿ ಎಂದು ಮೂರು ತಂಡಗಳಾದಾಗ, ಜರ್ಸಿಯ ಅಳತೆ ತೆಗೆಯಲು ಹೋದ ನನ್ನನ್ನು ಬ್ಯಾಡಗಿ ತಂಡದ ಗೌರವ ಕಾರ್ಯದರ್ಶಿಯನ್ನಾಗಿ ಮಾಡಿ ಕಳಿಸಿದರು. ಒಂದು ತಂಡದಲ್ಲಿ ಎಷ್ಟು ಜನ ಆಡುತ್ತಾರೆಂಬುದು ನನಗೆ ಗೊತ್ತಾದದ್ದು ಹನ್ನೊಂದು ಚಡ್ಡಿ ಕತ್ತರಿಸಿದ ಮೇಲೆಯೇ!

ಹುದ್ದೆ ಬಂದ ಹುರುಪಿನಲ್ಲಿ, ಹಾವೇರಿಯ ಬಟ್ಟೆ ಅಂಗಡಿಯೊಂದರಲ್ಲಿ ಕೆಲಸಕ್ಕಿದ್ದ ಈರಣ್ಣನನ್ನು ಅಲ್ಲಿಂದ ಬಿಡಿಸಿ ತಂದು ಗೋಲ್‌ಕೀಪರ್ ಮಾಡಿದೆ. "ಇನ್ಮ್ಯಾಲೆ ಇದ ನಿನ್ನ ನೌಕರಿ. ನಾ ಅದೇನಿ, ಚಿಂತಿ ಬಿಡು" ಎಂದು ಎದೆ ತಟ್ಟಿಕೊಂಡು ಹೇಳಿದೆ. ಆ ನೌಕರಿಯನ್ನು ನಂಬಿ ಅಗಡಿಯ ಶಿವಪ್ಪಗೌಡರು ಅವನಿಗೆ ಮಗಳನ್ನು ಕೊಡಲು ಒಪ್ಪಿದರು. ಆದರೂ ಹಿರಿಯರಿಗೆ ಒಂದು ಅನುಮಾನ. "ಚೆಂಡು ಹಿಡಿಯೂದು ಎಂಥಾ ನೌಕರಿ ಅಂತ ಒಂದಿನ ಬಂದು ಕಣ್ಣಾರೆ ನೋಡಾಂವ ನಾ" ಅಂದಿದ್ದರಂತೆ.

ನೋಡಲು ಬರುವವರೇ ನಮ್ಮ ಕೊರತೆ. ಮೆಣಸಿನಕಾಯಿ ಸುಗ್ಗಿಯಲ್ಲಿ ಹತ್ತು ಗಂಟೆಯಾದರೆ ಮೈದಾನದ ತುಂಬ ಕಾಯಿ ಒಣಹಾಕುತ್ತಾರೆ. ಹಾಗಾಗಿ ನಮ್ಮ ಪಂದ್ಯ ಬೆಳಿಗ್ಗೆ ಏಳಕ್ಕೆ. ಆ ಚಳಿಯಲ್ಲಿ ಯಾರು ಬರುತ್ತಾರೆ? ಮೊದಲ ಪಂದ್ಯಕ್ಕೆ ಮೂವರು ಬಂದಿದ್ದರು, ಅವರಲ್ಲಿ ಒಂದು ಎಮ್ಮೆ. ಅದೂ ಅರ್ಧಕ್ಕೇ ಎದ್ದುಹೋಯಿತು.

ಲೀಗಿನ ಕಚೇರಿಯಿಂದ ಪತ್ರ ಬಂತು. ಮುಂದಿನ ಪಂದ್ಯಕ್ಕೆ ಪರಿವೀಕ್ಷಕರು ಬರುತ್ತಾರೆ, ಗ್ಯಾಲರಿಯಲ್ಲಿ ನಲವತ್ತು ಮಂದಿಯಾದರೂ ಕಾಣದಿದ್ದರೆ ಬ್ಯಾಡಗಿ ತಂಡವನ್ನು ಮುಚ್ಚಲಾಗುವುದು.

ಈರಣ್ಣ ಪತ್ರ ಓದಿ ಕುಸಿದು ಕುಳಿತ. "ಟೀಮ್ ಮುಚ್ಚಿದ್ರ ನನ್ನ ಲಗ್ನಾನೂ ಮುಚ್ಚಿದಂಗ ಆತಲ್ರಿ!"

ಆ ಹುಡುಗನ ಮುಖ ನೋಡಿ ಏನಾದರೂ ದಾರಿ ಹುಡುಕಲೇಬೇಕೆಂದುಕೊಂಡೆ. ಪತ್ರವನ್ನು ಮತ್ತೆ ಓದಿದೆ. ನಲವತ್ತು ಮಂದಿ ಕಾಣಬೇಕು ಎಂದಿತ್ತೇ ಹೊರತು, ಅವರು ಉಸಿರಾಡಬೇಕು ಎಂದು ಎಲ್ಲಿಯೂ ಬರೆದಿರಲಿಲ್ಲ!

ಮೇಡ್ಲೇರಿಯಲ್ಲಿ ನನ್ನ ಹೆಂಡತಿ ಗಿರಿಜಾಳ ತಮ್ಮ ಫಕ್ಕೀರಪ್ಪ ಇದ್ದಾನೆ. ಅಲ್ಲಿ ಗೋವಿನಜೋಳದ ಪೀಕು ಮುಗಿದು, ಊರಿನ ಬೆದರುಗೊಂಬೆಗಳೆಲ್ಲ ಕೊಟ್ಟಿಗೆಗಳಲ್ಲಿ ಬಿದ್ದಿದ್ದವು. ನಲವತ್ತನ್ನು ಎತ್ತಿ ಟ್ರ್ಯಾಕ್ಟರಿನಲ್ಲಿ ಕಳಿಸಿದ. ತಲೆಗೆ ಗಡಿಗೆ, ಗಡಿಗೆಗೆ ಸುಣ್ಣ, ಸುಣ್ಣದ ಮೇಲೆ ಇದ್ದಿಲಿನ ಕಣ್ಣು. ನಾನೇ ಕೂತು ಎಲ್ಲಕ್ಕೂ ನಗುವ ಬಾಯಿ ಬರೆದೆ. ಅಂಗಿ ಸಾಲದೆ ಬಂದಾಗ, ತೀರಿಕೊಂಡ ನನ್ನ ಮಾವನವರ ಕರಿ ಕೋಟು, ತಲೆಗೆ ಸುತ್ತುತ್ತಿದ್ದ ಪಟಗ ಹೊರತೆಗೆದೆ.

"ಅಪ್ಪಾರ ಕೋಟಿಗೆ ಯಾಕ ಕೈ ಹಚ್ಚೀರಿ?" ಎಂದಳು ಗಿರಿಜಾ.

"ನಿಮ್ಮಪ್ಪಾರಿಗೆ ಒಂದು ಮ್ಯಾಚ್ ತೋರಸ್ತೇನಿ."

"ಇದ್ದಾಗ ನಿಮ್ಮ ಮಾರಿ ನೋಡಾಕ ಒಲ್ಲೆ ಅಂತಿದ್ರು. ಈಗ ನಿಮ್ಮ ಮ್ಯಾಚ್ ನೋಡಾಕ ಬರ್ತಾರೇನು?"

ಆ ಕೋಟು ನಾನೇ ಹೊಲಿದದ್ದು. ಮದುವೆಯಾದ ಹೊಸದರಲ್ಲಿ ಮಾವನವರನ್ನು ಮೆಚ್ಚಿಸಲು ಹೊಲಿದುಕೊಟ್ಟೆ. ಎಡ ಹೆಗಲು ಎರಡು ಬೆರಳು ಕೆಳಗಿಳಿಯಿತು. ಎಂಥ ಅಳಿಯ ಸಿಕ್ಕಿದ್ದಾನೆಂದು ಊರಿಗೆಲ್ಲ ಗೊತ್ತಾಗಲೆಂದು ಅವರು ಸಾಯುವವರೆಗೂ ಅದನ್ನೇ ಹಾಕಿಕೊಂಡು ತಿರುಗಿದರು!

ಪಂದ್ಯದ ದಿನ ನಸುಕಿನಲ್ಲೇ ಗೊಂಬೆಗಳನ್ನು ಕಲ್ಲುಮೆಟ್ಟಿಲ ಗ್ಯಾಲರಿಯಲ್ಲಿ ಕೂರಿಸಿದೆ. ಮಾವನವರ ಕೋಟಿನ ಗೊಂಬೆಯನ್ನು ಮಾತ್ರ ಎಲ್ಲಕ್ಕಿಂತ ಹಿಂದಿನ ಮೆಟ್ಟಿಲಿಗೆ ಹಾಕಿದೆ. ಅವರ ಕಣ್ಣೆದುರು ಓಡಾಡುವ ಧೈರ್ಯ ನನಗೆ ಮೊದಲಿನಿಂದಲೂ ಇಲ್ಲ.

ಏಳಕ್ಕೆ ಸೀಟಿ ಊದಿದರು. ಮಂಜು ಎಷ್ಟು ದಟ್ಟವಾಗಿತ್ತೆಂದರೆ ಚೆಂಡು ಒದ್ದ ಸದ್ದು ಕೇಳುತ್ತಿತ್ತು, ಒದ್ದವನು ಕಾಣುತ್ತಿರಲಿಲ್ಲ. ಗ್ಯಾಲರಿಯಲ್ಲಿ ಬಿಳಿ ಮುಖಗಳು ಸಾಲಾಗಿ ನಗುತ್ತಿದ್ದವು. ಇಬ್ಬನಿ ಇಳಿದು ಇದ್ದಿಲಿನ ಕಣ್ಣುಗಳಿಂದ ಕರಿನೀರು ಕೆನ್ನೆಗೆ ಹರಿಯುತ್ತಿತ್ತು. ಹಾವೇರಿ ತಂಡದ ಆಟಗಾರರು ಅತ್ತ ಒಮ್ಮೆ ನೋಡಿದವರು ಮತ್ತೆ ಆ ಬದಿಗೆ ಸುಳಿಯಲಿಲ್ಲ. "ನಿಮ್ಮೂರ ಮಂದಿ ಯಾಕ ಹಿಂಗ ನೋಡ್ತಾರಿ?" ಎಂದು ಅವರ ನಾಯಕ ಪಿಸುಗುಟ್ಟಿದ. "ಭಾಳ ಶಿಸ್ತಿನ ಮಂದಿ" ಎಂದೆ ಗಂಭೀರವಾಗಿ.

ಪರಿವೀಕ್ಷಕರ ಕಾರು ಇನ್ನೂ ಬಂದಿರಲಿಲ್ಲ. ಕಾರ್ಯದರ್ಶಿಗೆ ಒಪ್ಪುವಂತೆ ಪ್ರೇಕ್ಷಕರನ್ನು ಎಣಿಸಿದೆ. ನಲವತ್ತೊಂದು.

ಮತ್ತೆ ಎಣಿಸಿದೆ. ನಲವತ್ತೊಂದು!

ಮೂರನೆಯ ಸಲ ಬೆರಳು ಮಡಚಿ ಎಣಿಸತೊಡಗಿದೆ. ಅಷ್ಟರಲ್ಲಿ ಗ್ಯಾಲರಿಯ ಪಕ್ಕದ ಗೋಲಿನಲ್ಲಿ ಈರಣ್ಣ ಹಾರಿ ಒಂದು ಚೆಂಡು ಹಿಡಿದ. ಗ್ಯಾಲರಿಯಿಂದ ಚಪ್ಪಾಳೆ ಕೇಳಿಸಿತು. ನಿಧಾನವಾಗಿ ಮೂರು ಸಲ, ಆಮೇಲೆ ಏನೂ ಇಲ್ಲ. ಹುಲ್ಲಿನ ಕೈಗಳಿಂದ ಚಪ್ಪಾಳೆ ಹೇಗೆ ಬರುತ್ತದೆ?

ಅರ್ಧ ಆಟ ಮುಗಿದಾಗ ಕುಲದೇವರನ್ನು ನೆನೆಯುತ್ತ ಮೆಟ್ಟಿಲ ಹತ್ತಿರ ಹೋದೆ. ಎಲ್ಲಕ್ಕಿಂತ ಮುಂದಿನ ಸಾಲಿನಲ್ಲಿ ಕರಿ ಕೋಟು, ಪಟಗ, ಅದರ ನಡುವೆ ಬೆಳ್ಳಗಿನ ಮುಖ. ಹಿಂದಿನ ಮೆಟ್ಟಿಲಲ್ಲಿ ಕೂರಿಸಿದ ಮಾವನವರು ಮುಂದಕ್ಕೆ ಇಳಿದು ಬಂದು ಕುಳಿತಿದ್ದರು! ತಲೆಯೆತ್ತಿ ಹಿಂದಿನ ಮೆಟ್ಟಿಲು ನೋಡೋಣವೆಂದರೆ, ಎಣಿಸುವಾಗ ಕಂಡಿದ್ದ ಅದನ್ನು ಈಗ ಮಂಜು ಪೂರ್ತಿ ನುಂಗಿತ್ತು.

ಅವರ ಪಕ್ಕದಲ್ಲೇ ಕುಸಿದು ಕೈಮುಗಿದೆ.

"ಮಾವಾರ, ತಪ್ಪಾತ್ರಿ. ನನಗ ಕೋಟೂ ಹೊಲಿಯಾಕ ಬರೂದಿಲ್ಲ, ಟೀಮೂ ನಡಸಾಕ ಬರೂದಿಲ್ಲ. ಇಲ್ಲಿ ಕುಂತವರೆಲ್ಲ ಬರೇ ಹುಲ್ಲು. ಸಾಹೇಬರು ನೋಡಿದ್ರಂದ್ರ ಇವತ್ತ ಟೀಮ್ ಬಂದ್. ಪಾಪ, ಆ ಈರಣ್ಣನ್ನ ಇದ್ದ ಕೆಲಸ ಬಿಡಿಸಿ ನಾನ ಹಾಳ ಮಾಡಿದೆ. ಅಗಡಿ ಗೌಡರಿಗೆ ಗೊತ್ತಾದ್ರ ಲಗ್ನ ಮುರೀತೈತಿ. ಅವರಿಗೊಂದು ಹೇಳಬ್ಯಾಡ್ರಿ!"

ಹೇಳುತ್ತ ಹೇಳುತ್ತ ಕಣ್ಣಲ್ಲಿ ನೀರು ಬಂತು. ವೃತ್ತಿಯ ಚಟ ನೋಡಿ, ಆ ಅಳುವಿನಲ್ಲೂ ಕೋಟಿನ ಎಡ ಹೆಗಲು ಸರಿಮಾಡಲು ಕೈ ಹಾಕಿದೆ. ಹೆಗಲು ಸರಿಯಾಗಿಯೇ ಇತ್ತು. ನನ್ನ ಜನ್ಮದಲ್ಲಿ ನಾನು ಹೊಲಿದ ಹೆಗಲು ಅಷ್ಟು ಚೆನ್ನಾಗಿ ಕೂತದ್ದಿಲ್ಲ. ಅಲ್ಲಿಗೇ ನನಗೆ ತಿಳಿಯಬೇಕಿತ್ತು!

ಹೆಗಲು ಬೆಚ್ಚಗೂ ಇತ್ತು. ಬೆಳ್ಳಗಿನ ಮುಖ ಮೆಲ್ಲಗೆ ನನ್ನ ಕಡೆ ತಿರುಗಿತು.

"ಯಾರಿಗೆ ಹೇಳಬ್ಯಾಡ ಅಂದ್ರಿ?" ಎಂದಿತು.

ಆಮೇಲಿನದು ನನಗೆ ಗೊತ್ತಿಲ್ಲ. ಎಚ್ಚರವಾದಾಗ ಬಿಸಿಲು ಬಂದಿತ್ತು, ಪಂದ್ಯ ಮುಗಿದಿತ್ತು. ಪರಿವೀಕ್ಷಕರು ಬಂದು, ನೋಡಿ, ಬರೆದುಕೊಂಡು ಹೊರಟೂ ಹೋಗಿದ್ದರು. ಈರಣ್ಣ ನನ್ನ ಮುಖಕ್ಕೆ ನೀರು ಹೊಡೆಯುತ್ತಿದ್ದ. ಪಕ್ಕದಲ್ಲಿ ಕರಿ ಕೋಟಿನ ಹಿರಿಯರೊಬ್ಬರು ಚಳಿಗೆ ಮುಖ ತುಂಬ ಸುತ್ತಿದ್ದ ಬಿಳಿ ಮಫ್ಲರನ್ನು ಬಿಚ್ಚುತ್ತಿದ್ದರು. ಅಗಡಿಯ ಶಿವಪ್ಪಗೌಡರು! ಮೇಲಿನ ಮೆಟ್ಟಿಲಲ್ಲಿ ನಮ್ಮ ಮಾವನವರು, ಎಡ ಹೆಗಲು ಇಳಿಬಿಟ್ಟುಕೊಂಡು, ಕೂರಿಸಿದಲ್ಲೇ ಕುಳಿತಿದ್ದರು.

"ಗೌಡ್ರ, ನೀವು ಹುಡುಗನ ಮ್ಯಾಲೆ ಸಿಟ್ಟಾಗಬ್ಯಾಡ್ರಿ. ತಪ್ಪು ನಂದು" ಎಂದೆ ತೊದಲುತ್ತ.

"ನಿಮ್ಮದ ತಪ್ಪು, ಅದರಾಗ ಎರಡು ಮಾತಿಲ್ಲ" ಎಂದರು ಗೌಡರು. ಆಮೇಲೆ ಈರಣ್ಣನ ಮಣ್ಣಾದ ಮೊಣಕೈ ನೋಡಿದರು. "ಹುಲ್ಲಿನ ಮಂದಿ ಮುಂದ ಸುದ್ದಾ ಇಷ್ಟು ಜೀವಾ ಹಾಕಿ ಹಾರತಾನ. ಇಂಥಾಂವ ನನ್ನ ಮಗಳಿಗೆ ಮೋಸಾ ಮಾಡೂದಿಲ್ಲ. ಟೀಮ್ ಇರಲಿ ಬಿಡಲಿ, ಲಗ್ನ ಆಗಲಿ."

ಈರಣ್ಣ ಅವರ ಕಾಲಿಗೆ ಬಿದ್ದ. ಗೌಡರು ಏಳುತ್ತ ಒಂದು ಮಾತು ಸೇರಿಸಿದರು: "ಲಗ್ನದ ಕೋಟು ಮಾತ್ರ ಇವರ ಕಡೆ ಹೊಲಿಸಬ್ಯಾಡಪಾ."

ವಾರದ ನಂತರ ಪತ್ರ ಬಂತು. ಬ್ಯಾಡಗಿ ತಂಡವನ್ನು ಮುಚ್ಚಿ ಆಟಗಾರರನ್ನು ರಾಣೆಬೆನ್ನೂರು ತಂಡಕ್ಕೆ ಸೇರಿಸಲಾಗಿದೆ. ಈರಣ್ಣನ ನೌಕರಿ ಉಳಿಯಿತು. ಕಾರ್ಯದರ್ಶಿಯ ವಿಷಯ ಪತ್ರದಲ್ಲಿ ಇರಲೇ ಇಲ್ಲ. ಜೊತೆಗೆ ಪರಿವೀಕ್ಷಕರ ವರದಿ ಇತ್ತು. ಗಿರಿಜಾ ಅದನ್ನು ಗಟ್ಟಿಯಾಗಿ ಓದಿದಳು:

"ಪ್ರೇಕ್ಷಕರು: ಒಬ್ಬರು. ಬೆದರುಗೊಂಬೆಗಳು: ನಲವತ್ತೊಂದು. ಅವುಗಳಲ್ಲಿ ಒಂದು ಬಾಯಿ ತೆರೆದುಕೊಂಡು ಮೆಟ್ಟಿಲ ಮೇಲೆ ಬಿದ್ದಿದ್ದು, ಅದರ ಅಂಗಿಯ ಹೊಲಿಗೆ ತೀರ ಕಳಪೆಯಾಗಿದೆ."

"ನಮ್ಮ ಫಕ್ಕೀರಪ್ಪ ಕೊಟ್ಟದ್ದು ನಲವತ್ತ ಅಲ್ಲೇನ್ರಿ?" ಎಂದವಳು, ನಾನೇ ಹೊಲಿದು ಹಾಕಿಕೊಂಡಿದ್ದ ಅಂಗಿಯನ್ನು ಮೇಲಿನಿಂದ ಕೆಳಗಿನವರೆಗೆ ನೋಡಿದಳು. "ಮೇಡ್ಲೇರಿಗೆ ವಾಪಸ್ ಕಳಸೂವಾಗ ಈ ಒಂದನ್ನೂ ಕೂಡಿಸಿ ಕಳಸ್ರಿ. ಮುಂದಿನ ಪೀಕಿಗೆ ಬೇಕಾಗತೈತಿ."

ಹೋಗಿಬಿಡೋಣವೆಂದು ನಾನೂ ತಯಾರಾಗಿದ್ದೆ. ಫಕ್ಕೀರಪ್ಪನೇ ಫೋನಿನಲ್ಲಿ ಬೇಡವೆಂದುಬಿಟ್ಟ. "ಬ್ಯಾಡ್ರಿ ಭಾವಾರ. ಹಕ್ಕಿ ಹೆದರಬೇಕಲ್ರಿ!"