ಕಾಶಿನಾಥನ ಸ್ವಂತ ಡಬ್ಬಿ

ಗೊರಗುಂಟೆಪಾಳ್ಯದ ಹತ್ತಿರ ಪಂಪು ತಯಾರಿಸುವ ಕಾರ್ಖಾನೆಯೊಂದರಲ್ಲಿ ಆರು ವರ್ಷದಿಂದ ಕೆಲಸ ಮಾಡುತ್ತಿದ್ದರೂ ಕಾಶಿನಾಥ ತನ್ನ ಡಬ್ಬಿಯ ಪಲ್ಯವನ್ನು ತಾನು ತಿಂದವನಲ್ಲ. ಅಲ್ಲಿಯ ಪದ್ಧತಿಯೇ ಹಾಗಿತ್ತು. ಮಧ್ಯಾಹ್ನ ಒಂದು ಗಂಟೆಗೆ ಸ್ಟೋರ್ಸು, ಆಫೀಸಿನವರೆಲ್ಲ ಒಂದೇ ಮೇಜಿನ ಸುತ್ತ ಕೂತು, ಡಬ್ಬಿಗಳನ್ನು ಬಿಚ್ಚಿ ನಡುವೆ ಇಡುತ್ತಿದ್ದರು. ಆಮೇಲೆ ಯಾರ ಕೈ ಯಾರ ಡಬ್ಬಿಯಲ್ಲಿ ಎಂಬುದನ್ನು ದೇವರೇ ಹೇಳಬೇಕು. ಕಾಶಿನಾಥ ಬಾಗಲಕೋಟೆ ಕಡೆಯವನು. ಅವನ ಡಬ್ಬಿಯ ಮೇಲೆ ಎಲ್ಲರಿಗೂ ವಿಶೇಷ ಪ್ರೀತಿ. ಅವನು ರೊಟ್ಟಿ ಮುರಿಯುವಷ್ಟರಲ್ಲಿ ಡಬ್ಬಿಯ ತಳ ಹೊಳೆಯುತ್ತಿತ್ತು. ಪಕ್ಕದಲ್ಲಿ ಕೂರುವ ಭೀಮರಾಜ್ ಒಬ್ಬನೇ ಕನಿಕರಪಟ್ಟು, ಯಾರೂ ಅಷ್ಟಾಗಿ ಮುಟ್ಟದ ತನ್ನ ಡಬ್ಬಿಯಲ್ಲಿ ಅರ್ಧ ಅವನಿಗೆ ಬಡಿಸುತ್ತಿದ್ದ. ನಾಗಸಂದ್ರದಲ್ಲಿ ಇಬ್ಬರದೂ ಒಂದೇ ಕಟ್ಟಡ. ಭೀಮರಾಜ, ಗೌರಮ್ಮ ದಂಪತಿಯ ಮನೆ ಮೇಲೆ, ಕಾಶಿನಾಥನದು ಕೆಳಗೆ.

ಈ ವಾರ ಮಾತ್ರ ಕಾಶಿನಾಥನಿಗೆ ಹೊಟ್ಟೆ ಉರಿಯತೊಡಗಿತ್ತು. ಹೆಂಡತಿ ಹೆರಿಗೆಗೆಂದು ತವರಿಗೆ ಹೋಗಿದ್ದರಿಂದ ಊರಿಂದ ರತ್ನಕ್ಕ ಬಂದು ಎಂಟು ದಿನ ಅಡುಗೆ ಮಾಡಿ ಹಾಕಿದ್ದಳು. ತಾಯಿಯಿಲ್ಲದ ಅವನನ್ನು ಬೆಳೆಸಿದವಳು ಈ ಅಕ್ಕನೇ. ಅವಳ ಕೈಯ ಎಣ್ಣೆಗಾಯಿಯ ಆಸೆಯಲ್ಲೇ ಅವನು ಚಿಕ್ಕಂದಿನಲ್ಲಿ ಮಗ್ಗಿ ಕಲಿತಿದ್ದ. ಇವತ್ತು ಸಂಜೆ ಯಶವಂತಪುರದಲ್ಲಿ ಅವಳು ರೈಲು ಹತ್ತುವವಳಿದ್ದಳು. ಹೋಗುವ ಮುಂಚೆ ಒಮ್ಮೆ ಬದನೆಕಾಯಿ ಎಣ್ಣೆಗಾಯಿ ಮಾಡೋಣವೆಂದು ಬೆಳಗಿನ ಐದಕ್ಕೇ ಎದ್ದು ಶೇಂಗಾ, ಗುರೆಳ್ಳು, ಒಣಕೊಬ್ಬರಿ ಕುಟ್ಟಿದ್ದಳು.

"ಇವತ್ತರ ನೀ ತಿನ್ನಾಂವ ಏನು?" ಎಂದಳು ಡಬ್ಬಿ ಕೊಡುತ್ತಾ.

"ತಿಂತೇನಿ ಅಕ್ಕಾ."

"ಎಂಟ ದಿನ ಹಿಂಗ ಅಂದಿ. ಆ ಭೀಮರಾಜ ಇರಲಿಲ್ಲಂದ್ರ ಉಪವಾಸ ಬೀಳತಿದ್ದಿ. ಇರಲಿ, ಹೋಗ."

ಅಕ್ಕನ ಮುಂದೆ ತಾನಿನ್ನೂ ಮೂರನೇ ಇಯತ್ತೆಯ ಹುಡುಗನೇ ಎಂದು ಕಾಶಿನಾಥನಿಗೆ ನಾಚಿಕೆಯಾಯಿತು. ಏನೇ ಆಗಲಿ, ಇವತ್ತು ಒಂದು ಬದನೆಕಾಯಿಯನ್ನೂ ಬಿಟ್ಟುಕೊಡಬಾರದೆಂದು ಮೆಟ್ರೋದಲ್ಲೇ ತೀರ್ಮಾನಿಸಿದ.

ಅದೃಷ್ಟಕ್ಕೆ ಅಂದೇ ಹತ್ತು ಗಂಟೆಗೆ ಎಚ್‌ಆರ್ ವಿಭಾಗದ ರಮ್ಯ ಒಂದು ತರಬೇತಿ ಇಟ್ಟಿದ್ದಳು. ಕಂಪನಿಯ ಹೆಡ್ ಆಫೀಸು ಯುರೋಪಿನಲ್ಲಿತ್ತು. ಅಲ್ಲಿಂದ ಕಳಿಸಿದ ಚಿತ್ರಗಳನ್ನು ಗೋಡೆಯ ಮೇಲೆ ತೋರಿಸುತ್ತಾ ಅವಳು ವಿವರಿಸಿದಳು.

"ಕೆಲವು ದೇಶದಲ್ಲಿ ಜನ ಮೊದ್ಲು 'ನಾನು' ಅಂತಾರೆ. ನಮ್ ಕಡೆ ಮೊದ್ಲು 'ನಾವು' ಅಂತೀವಿ. ಎರಡೂ ತಪ್ಪಲ್ಲ, ಬ್ಯಾಲೆನ್ಸ್ ಇರ್ಬೇಕು ಅಷ್ಟೆ. ಇವತ್ತು ಎಲ್ರೂ ಯಾವುದಾದ್ರೂ ಒಂದು ವಿಷಯದಲ್ಲಿ ನಿಮ್ಮ ಸ್ವಂತ ತೀರ್ಮಾನ ಹೇಳ್ಬೇಕು. ಬೇರೆಯವ್ರು ಯಾಕೆ ಅಂತ ಕೇಳ್ಬಾರ್ದು."

ಅಲ್ಲಿದ್ದವರಲ್ಲಿ ಹಿರಿಯರು ಚನ್ನಕೇಶವ. ಚಿಕ್ಕಜಾಲದಲ್ಲಿ ನಾಲ್ಕು ಬಾಡಿಗೆ ಮನೆಗಳಿದ್ದರೂ ಮನೆಯಲ್ಲಿ ಕೂತರೆ ಹೊತ್ತು ಹೋಗುವುದಿಲ್ಲವೆಂದು ಕೆಲಸಕ್ಕೆ ಬರುತ್ತಿದ್ದರು. "ಇದೆಲ್ಲಾ ಯಾಕಮ್ಮ? ನಮ್ಮೂರಾಗೆ ಒಬ್ನೆ ಉಣ್ಣೋನ್ನ ನಾಯಿ ಕೂಡ ಮಾತಾಡ್ಸಲ್ಲ" ಎಂದರು.

ಊಟದ ಮಾತು ಬಂದದ್ದೇ ತಡ, ಕಾಶಿನಾಥ ಎದ್ದು ನಿಂತ. "ಇವತ್ತ ನನ್ನ ಡಬ್ಬಿ ನಾನೇ ಉಣ್ಣಾಂವ. ಒಬ್ಬನೇ."

ರಮ್ಯ ಚಪ್ಪಾಳೆ ತಟ್ಟಿದಳು. ಉಳಿದವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ನಿಯಮದಂತೆ ಯಾರೂ ಯಾಕೆ ಎಂದು ಕೇಳಲಿಲ್ಲ, ತರಬೇತಿ ಮುಗಿಯುವ ತನಕ.

ಹನ್ನೊಂದಕ್ಕೆ ಪರ್ಚೇಸ್ ವಿಭಾಗದ ಫಖ್ರುನ್ನೀಸಾ ಅವನ ಮೇಜಿನ ಬಳಿ ಬಂದು ದನಿ ತಗ್ಗಿಸಿದಳು. "ಕಾಶಿನಾಥ್ ಭಾಯ್, ಯಾಕೆ ಅಂತ ನಾನ್ ಕೇಳ್ತಾ ಇಲ್ಲ. ಹೆಂಡ್ತಿ ಚೆನ್ನಾಗಿದಾರೆ ತಾನೆ?"

"ಚಲೋ ಅದಾಳ್ರೀ."

"ಮೊದಲ್ನೇ ಹೆರಿಗೆ ಅಲ್ವಾ, ಭಯ ಇರುತ್ತೆ. ಏನಿದ್ರೂ ಮನಸ್ಸಲ್ಲಿ ಇಟ್ಕೋಬೇಡಿ."

ಅವನು ಇಟ್ಟುಕೊಂಡಿದ್ದು ಮನಸ್ಸಿನಲ್ಲಲ್ಲ, ಕಾಲಿನ ಹತ್ತಿರದ ಬ್ಯಾಗಿನಲ್ಲಿ. ಆದರೆ ಸುದ್ದಿಗೆ ಕಾಲು ಬಂದಿತ್ತು. ಹನ್ನೆರಡಕ್ಕೆ ಅವನಿಗೆ ಸಕ್ಕರೆ ಕಾಯಿಲೆ ಅಂಟಿತು. ಹನ್ನೆರಡೂವರೆಗೆ ಅವನು ರಾಜೀನಾಮೆ ಬರೆದು ಜೇಬಿನಲ್ಲಿಟ್ಟುಕೊಂಡಿದ್ದ. ಅಷ್ಟರಲ್ಲಿ ಯಾರೋ ಒಬ್ಬ ಪುಣ್ಯಾತ್ಮ ಬಂದು, ರಾಜೀನಾಮೆ ಕೊಡುವುದಾದರೆ ಈ ಕುರ್ಚಿ ತನಗಿರಲಿ ಎಂದು ಅದರ ಮೇಲೆ ಕರವಸ್ತ್ರ ಹಾಕಿ ಹೋದ.

ಒಂದು ಗಂಟೆ ಹೊಡೆಯಿತು. ಕಾಶಿನಾಥ ಬ್ಯಾಗನ್ನು ಎದೆಗವಚಿಕೊಂಡು ಸ್ಟೋರ್ಸಿನ ಹಿಂದಿನ ಮೂಲೆಗೆ ಹೋದ. ಅಲ್ಲಿ ಆಗಲೇ ಎರಡು ಸ್ಟೂಲು ಹಾಕಿಕೊಂಡು ಚನ್ನಕೇಶವ ಕೂತಿದ್ದರು.

"ಬಾರಪ್ಪ. ಒಬ್ನೆ ಉಣ್ಣು, ನಾನೇನ್ ಬ್ಯಾಡ ಅನ್ನಾಕಿಲ್ಲ. ಜತೇಲಿರ್ತೀನಿ ಅಷ್ಟೆ. ಸಕ್ರೆ ಕಾಯ್ಲೆಗೆಲ್ಲಾ ಇಂಗೆ ಎದ್ರುಕೋಬಾರ್ದು. ನಮ್ ಬಾವ ಅತ್ತು ವರ್ಸದಿಂದ ಆಗಲಕಾಯಿ ರಸ ಕುಡ್ಕೊಂಡು ಗುಂಡುಕಲ್ಲಂಗವ್ನೆ."

"ನನಗ ಸಕ್ಕರಿ ಇಲ್ರೀ ಸರ."

"ಮೊದ್ಲು ಎಲ್ರೂ ಅಂಗೇ ಅನ್ನೋದು."

ಅವನು ಬೈಕು ನಿಲ್ಲಿಸುವ ಶೆಡ್ಡಿಗೆ ಓಡಿದ. ಹಿಂದೆಯೇ ಫಖ್ರುನ್ನೀಸಾ ಒಂದು ತಟ್ಟೆ ಘೀ ರೈಸ್ ಹಿಡಿದು ಬಂದಳು. ದುಃಖದಲ್ಲಿರುವವರು ಖಾಲಿ ಹೊಟ್ಟೆಯಲ್ಲಿರಬಾರದಂತೆ. ಗೇಟಿನ ಕಾವಲು ಕೋಣೆಗೆ ನುಗ್ಗಿದರೆ ಅಲ್ಲಿ ರಮ್ಯ ಒಂದು ಫಾರಂ ಚಾಚಿದಳು. "ಒಬ್ರೇ ಊಟ ಮಾಡಿದ್ ಅನುಭವ ನಾಲ್ಕು ಸಾಲು ಬರೀರಿ ಕಾಶಿನಾಥ್. ಹೆಡ್ ಆಫೀಸಿಗೆ ಕಳಿಸ್ಬೇಕು. ನೀವು ಒಬ್ರೇ ಇರೋ ಹಾಗೆ ನಂಜೊತೆ ಒಂದು ಫೋಟೋನೂ ಬೇಕು."

ಕೊನೆಗೆ ಕಾಶಿನಾಥ ತಾರಸಿಗೆ ಹತ್ತಿ, ಬಾಗಿಲ ಚಿಲಕ ಹಾಕಿ, ನೀರಿನ ಟ್ಯಾಂಕಿನ ನೆರಳಲ್ಲಿ ಕುಕ್ಕರಿಸಿದ. ಗಂಟೆ ಒಂದೂವರೆ. ಹೊಟ್ಟೆ ಖಾಲಿಯಾಗಿತ್ತು. ಆದರೂ ಮನಸ್ಸು ತುಂಬಿತ್ತು. ಆರು ವರ್ಷದಲ್ಲಿ ಮೊದಲ ಸಲ ಅವನೂ ಅವನ ಡಬ್ಬಿಯೂ ಇಬ್ಬರೇ ಇದ್ದರು. ಅವನು ಕಣ್ಣು ಮುಚ್ಚಿ ಅಕ್ಕನನ್ನು ನೆನೆದು ಮುಚ್ಚಳ ತೆಗೆದ.

ಒಳಗೆ ಸೋರೆಕಾಯಿ ಪಲ್ಯವಿತ್ತು.

ಉಪ್ಪು, ಹುಳಿ, ಖಾರ ಮೂರರೊಂದಿಗೂ ಮಾತು ಬಿಟ್ಟಂತಿದ್ದ ಸೋರೆಕಾಯಿ. ಕಾಶಿನಾಥ ಡಬ್ಬಿಯನ್ನು ತಿರುಗಿಸಿ ನೋಡಿದ. ಡಬ್ಬಿ ಅವನದೇ. ಮನೆಗೆ ಫೋನು ಮಾಡಿದ.

"ಅಕ್ಕಾ, ಎಣ್ಣಿಗಾಯಿ ಎಲ್ಲೈತಿ?"

"ಇನ್ನೂ ಊಟ ಆಗಿಲ್ಲೇನು?" ರತ್ನಕ್ಕನ ದನಿಯಲ್ಲಿ ಗೆದ್ದವರ ಉತ್ಸಾಹವಿತ್ತು. "ನಿನ್ನ ಡಬ್ಬ್ಯಾಗ ಇಟ್ರ ಮಂದಿ ಪಾಲಾಗತೈತಿ ಅಂತ ಭೀಮರಾಜನ ಡಬ್ಬ್ಯಾಗ ಹಾಕಿಸೇನಿ. ಬೆಳಿಗ್ಗೆನ ಮ್ಯಾಲ ಹೋಗಿ ಗೌರಮ್ಮನ ಕೂಡ ಮಾತಾಡಿದ್ನಿ. ಅಕಿ ಸೋರಿಕಾಯಿ ನಿನಗ, ನನ್ನ ಎಣ್ಣಿಗಾಯಿ ಅವಗ. ಅಂವ ಹೆಂಗೂ ದಿನಾ ನಿನಗ ಅರ್ಧಾ ಕೊಡ್ತಾನಲ್ಲ."

"ಭೀಮರಾಜಗ ಇದು ಗೊತ್ತೈತೇನು?"

"ಅವಗ್ಯಾಕ ಹೇಳ್ಲಿ? ಬಾಯಿಬಡಕ, ಊರಿಗೆಲ್ಲ ಸಾರತಾನ."

"ಮನ್ಯಾಗ ಎರಡರ ಉಳಿಸೀಯೇನು?"

"ಒಂದೂ ಇಲ್ಲ. ನಿನಗ ಕಡಿಮಿ ಬೀಳಬಾರದಂತ ಹನ್ನೆರಡೂ ಅಲ್ಲೇ ತುರುಕೇನಿ."

ಕಾಶಿನಾಥ ಮೂರು ಮಹಡಿಯ ಮೆಟ್ಟಿಲನ್ನು ಮೂರು ಹೆಜ್ಜೆಯಲ್ಲಿ ಇಳಿದವನಂತೆ ಇಳಿದ. ದೊಡ್ಡ ಮೇಜಿನ ಮುಂದೆ ಭೀಮರಾಜ್ ಒಬ್ಬನೇ ಕೂತಿದ್ದ. ಉಳಿದವರೆಲ್ಲ ಕಾಶಿನಾಥನಿಗೆ ಸಮಾಧಾನ ಹೇಳಲು ಹೋದವರು ಇನ್ನೂ ಬಂದಿರಲಿಲ್ಲ. ಭೀಮರಾಜ್ ಕೊನೆಯ ತುಂಡು ರೊಟ್ಟಿಯಿಂದ ಡಬ್ಬಿಯ ಮೂಲೆ ಒರೆಸಿ ಬಾಯಿಗಿಟ್ಟುಕೊಂಡು ಒಂದು ತೇಗು ತೇಗಿದ.

"ಎಲ್ಲಾ ತಿಂದ್ಯಾ?" ಎಂದ ಕಾಶಿನಾಥ.

"ಹನ್ನೆರಡೂ ಮಗಾ. ಯಾಕೆ ಅಂತ ಕೇಳ್ಬಾರ್ದು ಅಂದಿದ್ರಲ್ಲ, ಅದಕ್ಕೆ ನಿನ್ನ ಹಿಂದೆ ಬರ್ಲಿಲ್ಲ. ಕಾದೆ, ಯಾರೂ ಬರ್ಲಿಲ್ಲ, ತಿನ್ಕೊಂಡ್ಬಿಟ್ಟೆ." ಭೀಮರಾಜನ ಕಣ್ಣಲ್ಲಿ ನೀರಾಡಿತು. "ಒಂದ್ ವಿಷ್ಯ ಹೇಳ್ಲಾ? ಆರು ವರ್ಷದಿಂದ ನಿಂಗೆ ಅರ್ಧ ಕೊಟ್ಟು ಕೊಟ್ಟು, ನಮ್ ಗೌರಿ ಕೈರುಚಿ ಇಷ್ಟು ಚೆನ್ನಾಗಿದೆ ಅಂತ ನಂಗೇ ಗೊತ್ತಿರ್ಲಿಲ್ಲ ಕಣೋ. ಬೇಜಾರ್ ಮಾಡ್ಕೋಬೇಡ, ನಾಳೆಯಿಂದ ನಾನೂ ಒಬ್ನೇ."

ಅಷ್ಟರಲ್ಲಿ ಚನ್ನಕೇಶವ, ಫಖ್ರುನ್ನೀಸಾ, ರಮ್ಯ ಒಬ್ಬರ ಹಿಂದೊಬ್ಬರು ಹಸಿದುಕೊಂಡು ಬಂದು ಕೂತರು. ಕಾಶಿನಾಥ ತನ್ನ ಡಬ್ಬಿಯ ಮುಚ್ಚಳ ತೆಗೆದು ಮೇಜಿನ ನಟ್ಟನಡುವೆ ಇಟ್ಟ. ಮೂವರೂ ಕತ್ತು ಚಾಚಿ ನೋಡಿದರು. ಚನ್ನಕೇಶವ ಡಬ್ಬಿಯ ಮುಚ್ಚಳವನ್ನು ಮೆಲ್ಲಗೆ ಮುಚ್ಚಿ, ಅದನ್ನು ಅವನ ಕಡೆಗೇ ಸರಿಸಿದರು.

"ಸೋರೆಕಾಯಾ? ಒಬ್ನೆ ಉಣ್ಣಪ್ಪ ಕಾಸಿ. ನಿನ್ ಸ್ವಂತ ವಿಸ್ಯದಾಗೆ ನಾವ್ಯಾಕೆ ಬಾಯಾಕೋಣ."