ಮಾವನ ಮನೆಯ ಗೂಳಿ ಕಾಳಗ

ಊಟಕ್ಕೆ ಕರೆದರೆ ಕನ್ನಡಿಗರು ಬೆಚ್ಚಿಬೀಳುವ ಮನೆ ನಾವು ದೇಶ ಬಿಟ್ಟು ಬಂದು ನೆಲೆಸಿರುವ ಪಾಪಕುರಾದಲ್ಲಿ ಒಂದೇ ಒಂದಿದೆ. ಅದು ನನ್ನ ಹೆಂಡತಿಯ ಸೋದರಮಾವನದು. ಅಡುಗೆಯ ತಪ್ಪೇನೂ ಇಲ್ಲ. ಅತ್ತೆಯ ಬಿಸಿಬೇಳೆಬಾತಿಗಾಗಿ ಜಾನ್ಸನ್‌ವಿಲ್‌ನಿಂದ ವಿಮಾನ ಹತ್ತಿ ಬಂದವರಿದ್ದಾರೆ. ಆದರೆ ಆ ಬಾತು ತಟ್ಟೆಗೆ ಬೀಳಬೇಕಾದರೆ ಮೊದಲು ಸ್ಪೇನಿನ ಗೂಳಿ ಕಾಳಗ ನೋಡಬೇಕು!

ಅದಾದರೂ ಎಂಥದ್ದು? ಪ್ರೊಜೆಕ್ಟರಿನಿಂದ ಗೋಡೆಯ ಮೇಲೆ ಬಿಡುವ, ನೂರು ವರ್ಷಕ್ಕೂ ಹಳೆಯ ಮೂಕಿ ಸಾಕ್ಷ್ಯಚಿತ್ರ. ಬಣ್ಣವಿಲ್ಲ, ದನಿಯಿಲ್ಲ, ಗೋಡೆಯ ತುಂಬ ಗೀರು. ಜರಿ ಅಂಗಿಯ ವೀರರು ಇರುವೆ ಕಚ್ಚಿದವರಂತೆ ಕುಣಿಯುತ್ತಾರೆ. ದನಿಯ ಕೊರತೆಯನ್ನು ಮಾವ ತುಂಬುತ್ತಾರೆ, ಸೌಟು ಹಿಡಿದು, ಗೂಳಿಯ ಪರವಾಗಿ, ಥೇಟ್ ಕ್ರಿಕೆಟ್ ಕಾಮೆಂಟರಿ! ಡೈರಿ ಫಾರಮ್ಮುಗಳ ಪಶುವೈದ್ಯರಾಗಿ ನಿವೃತ್ತರಾದ ಮನುಷ್ಯನಿಗೆ ಬೇರೆ ಹುಚ್ಚು ಸಿಗಲಿಲ್ಲವೇ?

ಒಮ್ಮೆ ಯುಗಾದಿ ಸಮಾರಂಭದಲ್ಲಿ ಹಬ್ಬದ ಬಗ್ಗೆ ಐದು ನಿಮಿಷ ಮಾತಾಡಿ ಎಂದರೆ ಪ್ರೊಜೆಕ್ಟರ್ ಹೊತ್ತು ತಂದರು. ಗೂಳಿ ಒಬ್ಬ ವೀರನ ಕುದುರೆಯನ್ನು ಕೊಂಬಿನಿಂದ ತಿವಿದದ್ದೇ ಮಕ್ಕಳು ಕಿರುಚಿಕೊಂಡರು, ಯಾರೋ ಪ್ಲಗ್ ಕಿತ್ತರು. ಮಾವ ನಿಲ್ಲಿಸಿದರೇ? ಖಾಲಿ ಗೋಡೆ ನೋಡಿಕೊಂಡು ಇನ್ನೂ ಹತ್ತು ನಿಮಿಷ ಕಾಮೆಂಟರಿ ಹೇಳಿದರು. ಗೂಳಿಯೇ ಗೆದ್ದಿತಂತೆ.

ಇಷ್ಟೆಲ್ಲ ಶೌರ್ಯದ ಮನುಷ್ಯ, ವೀರ ಕತ್ತಿ ಎತ್ತಿದ ಕೂಡಲೇ ಚಿತ್ರ ನಿಲ್ಲಿಸಿ "ಏಳಿ, ಊಟಕ್ಕೆ" ಎನ್ನುತ್ತಿದ್ದರು. ಪುಕ್ಕಲ ಎಂದು ನಾನು ಹೆಂಡತಿಯ ಮುಂದೆ ಬೇಕಾದಷ್ಟು ಆಡಿಕೊಂಡಿದ್ದೇನೆ.

ಹೋದ ತಿಂಗಳು ಒಂದು ಮಧ್ಯಾಹ್ನ ಅತ್ತೆಯ ಕುಕ್ಕರ್ ಹಿಂದಿರುಗಿಸಲು ಹೋದೆ. ಬಾಗಿಲು ತೆರೆದೇ ಇತ್ತು. ಅತ್ತೆ ಸಾಮಾನು ತರಲು ಪಕ್ಕದ ಮನುಕಾವ್‌ಗೆ ಹೋಗಿದ್ದರು. ಪರದೆ ಎಳೆದ ಹಾಲ್‌ನಲ್ಲಿ ಮಾವ ಒಬ್ಬರೇ ಕೂತಿದ್ದರು, ಕಾಮೆಂಟರಿ ಇಲ್ಲದೆ. ಗೋಡೆಯ ಮೇಲೆ ಚಿತ್ರ ಹಿಮ್ಮುಖವಾಗಿ ಓಡುತ್ತಿತ್ತು. ಸತ್ತ ಗೂಳಿ ಎದ್ದು ನಿಂತಿತು. ಹೆಗಲಿನಿಂದ ಕತ್ತಿ ತಾನಾಗಿ ಹೊರಬಂತು. ಗೂಳಿ ಹಿಂದಕ್ಕೆ ಓಡಿ, ಬಂದ ಬಾಗಿಲಿನಿಂದಲೇ ಹೊರಟುಹೋಯಿತು.

"ಏನ್ಮಾವ, ಪ್ರೊಜೆಕ್ಟರ್ ಕೆಟ್ಟಿದ್ಯಾ?" ಎಂದು ನಕ್ಕೆ.

ಅವರು ತಿರುಗಲಿಲ್ಲ. "ಡೈರಿ ಫಾರಂ ಅಂತ ನಿಮಗೆಲ್ಲ ಸುಳ್ಳು ಹೇಳಿದ್ದೆ ಕಣಯ್ಯಾ. ಇಲ್ಲಿ ನಂಗೆ ಸಿಕ್ಕಿದ್ದು ಕಸಾಯಿಖಾನೆ ಕೆಲಸ. ಇಪ್ಪತ್ತೆರಡು ವರ್ಷ ಗೇಟಲ್ಲಿ ನಿಂತು, ಒಳಗೆ ಹೋಗೋ ಒಂದೊಂದು ದನಾನೂ ಮುಟ್ಟಿ ನೋಡಿ, ಆರೋಗ್ಯವಾಗಿದೆ ಅಂತ ಸಹಿ ಹಾಕ್ದೆ. ನಿಮ್ಮತ್ತೆಗೂ ಗೊತ್ತಿಲ್ಲ."

ನಾನು ಕುಕ್ಕರ್ ಕೆಳಗಿಟ್ಟು ಪಕ್ಕದಲ್ಲಿ ಕೂತೆ. ಅವರ ಕೈಯಿಂದ ರಿಮೋಟನ್ನು ಮೆಲ್ಲಗೆ ಬಿಡಿಸಿಕೊಂಡು, ಚಿತ್ರವನ್ನು ಹಿಂದಕ್ಕೆ ಓಡಿಸಿ ಇನ್ನೊಂದು ಗೂಳಿಯನ್ನು ಎಬ್ಬಿಸಿದೆ.