ಹಾಜಿಯವರ ಬಾನೆಟ್ ಮತ್ತು ಮೆಕ್ಸಿಕೋದ ಮೇಡಂ

ಮೆಕ್ಸಿಕೋ ದೇಶಕ್ಕೆ ನನ್ನ ಮೇಲೆ ಯಾವ ಹಗೆಯಿತ್ತೋ, ಈ ಮೇಡಮ್ಮನ್ನು ಗಲ್ಫಿನ ರಾಸ್ ಅಲ್ ಖೋರ್‌ನಲ್ಲಿ ನಮ್ಮ ಗ್ಯಾರೇಜಿನ ಪಕ್ಕದ ಶೆಡ್ಡಿಗೇ ಕಳಿಸಿತು! ನಾನೂ ಪೇಂಟರ್, ಆಕೆಯೂ ಪೇಂಟರ್. ನಾನು ಕಾರುಗಳಿಗೆ, ಆಕೆ ಕಂಡಕಂಡದ್ದಕ್ಕೆ.

ಆಕೆಯ ಜಗಳಗಳಿಗೆ ಲೆಕ್ಕವುಂಟೇ? ಅಪ್ಪ ಹಲ್ಲಿನ ಡಾಕ್ಟರಾಗು ಎಂದರಂತೆ, ಮನೆ ಬಿಟ್ಟಳು. ಚಿತ್ರಕಲಾ ಶಾಲೆಯ ಮೇಷ್ಟ್ರು ಮೇಜಿನ ಮೇಲೆ ಹಣ್ಣಿಟ್ಟು ಬರೆಯಲು ಹೇಳಿದರೆ, ಹಣ್ಣು ತಿಂದು ಸಿಪ್ಪೆಯ ಚಿತ್ರ ಬರೆದಳು! ಅಬುಧಾಬಿಯ ಹೋಟೆಲಿನವರು ಗೋಡೆಗೆ ಗಿಡುಗನ ಚಿತ್ರ ಕೇಳಿದಾಗ, ಹಗ್ಗಕ್ಕೆ ಜೋತು ಹೋಟೆಲಿನ ಗಾಜು ಒರೆಸುವವನನ್ನು ಬರೆದು ಕೆಲಸ ಕಳೆದುಕೊಂಡಳು.

"ಅವನೂ ಅಷ್ಟೇ ಎತ್ತರದಲ್ಲಿ ಇರುವವನಲ್ವಾ, ಮಾರಾಯ?" ಎಂದು ನನ್ನನ್ನೇ ಕೇಳಿದಳು. ಆಕೆಯ ಅರೆಬರೆ ಹಿಂದಿಯಲ್ಲಿ 'ಮಾರಾಯ' ಮಾತ್ರ ನಮ್ಮ ಗ್ಯಾರೇಜಿನ ಕೊಡುಗೆ.

ಕ್ಯಾನ್ವಾಸಿಗೆ ಗತಿಯಿಲ್ಲದೆ ನಮ್ಮ ಗುಜರಿ ಬಾನೆಟ್‌ಗಳ ಮೇಲೆ ಬರೆಯತೊಡಗಿದಳು. ನಾನೇ ಅವನ್ನು ಗೋಡೆಗೆ ಒರಗಿಸಿಡುತ್ತಿದ್ದೆ. ಒಂದು ದಿನ ಅಲ್ಲೇ ಹಾಜಿಯವರ ವ್ಯಾನಿನ ಬಾನೆಟ್ಟನ್ನು ಪ್ರೈಮರ್ ಹೊಡೆದು ಒಣಗಲಿಟ್ಟೆ. ಹಾಜಿಯವರೆಂದರೆ ದಿನಾ ಮಧ್ಯಾಹ್ನ ಗ್ಯಾರೇಜುಗಳವರಿಗೆ ಊಟ ತಂದು ಬಡಿಸುವ ಪುತ್ತೂರಿನ ಬ್ಯಾರಿ. ಬಿಳಿ ವ್ಯಾನಿನ ಮೇಲೆ ಒಂದು ಚುಕ್ಕೆ ಸಹಿಸದವರು. ನಾನು ಜೆಬೆಲ್ ಅಲಿಗೆ ಹೋಗಿ ಬಣ್ಣ ತರುವಷ್ಟರಲ್ಲಿ ಮೇಡಂ ಅದರ ತುಂಬ ಚಿತ್ರ ಬರೆದು ಮುಗಿಸಿದ್ದಳು!

"ಹಾಜಿಗೆ ಸಿಟ್ಟು ಬಂದು ಮಾಲಕರಿಗೆ ಹೇಳಿದ್ರೆ ನಿನ್ನ ವೀಸಾ ಖಲಾಸ್!" ಎಂದ ನಮ್ಮ ಫೋರ್ಮನ್.

ಹಾಜಿಯವರು ಬಂದರು. ನೋಡಿದರು. ಚಿತ್ರದಲ್ಲಿ ಅವರೇ ಸೌಟು ಹಿಡಿದು ನಿಂತಿದ್ದರು, ಎದುರಿಗೆ ತಟ್ಟೆ ಹಿಡಿದವರ ಸಾಲು. ನಾನು ಬಿಳಿ ಬಣ್ಣದ ಡಬ್ಬಿ ಎತ್ತಿಕೊಂಡೆ.

"ನಾಳೆಯೊಳಗೆ ಬಿಳಿ ಹೊಡೆದು ಕೊಡ್ತೇನೆ, ಹಾಜಿಯವ್ರೇ."

"ಮುಟ್ಟಿದ್ರೆ ಉಂಟಲ್ಲ ನಿಂಗೆ! ಇಷ್ಟು ವರ್ಷ ಬಡಿಸಿದೆ. ನನ್ನನ್ನು ಯಾರು ಹೀಗೆ ನೋಡಿದ್ದಾರೆ ಮಾರಾಯ?"

ಅಬ್ಬ! ಹೋದ ಉಸಿರು ವೀಸಾ ಸಮೇತ ವಾಪಸು ಬಂತು.

ಅಷ್ಟರಲ್ಲಿ ಅವರು ಸಾಲಿನ ತುದಿಗೆ ಬೆರಳಿಟ್ಟರು. "ಈ ಹೆಂಗಸು ಯಾರು?"

ಮುಡಿಯಲ್ಲಿ ಬ್ರಷ್ಷು, ಕೈಯಲ್ಲಿ ಖಾಲಿ ತಟ್ಟೆ. ಮೇಡಂ! ಯಾರಿಗೂ ತಲೆಬಾಗದ ಆಕೆ ಪಕ್ಕದ ಶೆಡ್ಡಿನಲ್ಲೇ ಹಸಿದು ಕೂತಿದ್ದಳು, ಬಾಯಿಬಿಟ್ಟು ಕೇಳಿರಲಿಲ್ಲ. ನಾನು ದಿನಾ ಅಲ್ಲೇ ಕೂತು ಉಂಡಿದ್ದೆ. ನನಗೆ ನಾಚಿಕೆಯಾಯಿತು. ಶೆಡ್ಡು ತೋರಿಸಿ, "ಇದನ್ನು ಬರೆದ ಮೇಡಂ" ಎಂದೆ.

ಹಾಜಿಯವರು ಶೆಡ್ಡಿನ ಕಡೆ ತಿರುಗಿ ಹಿಂದಿಯಲ್ಲೇ ಗದರಿದರು: "ಮೇಡಂ! ನಾಳೆಯಿಂದ ನೀವು ಕೊನೆಗೆ ನಿಲ್ಲುವುದು ಬೇಡ. ಮೊದಲ ತಟ್ಟೆ ನಿಮ್ಮದು."

ಅಪ್ಪ, ಮೇಷ್ಟ್ರು, ಹೋಟೆಲಿನವರು, ಯಾರು ಹೇಳಿದರೂ ಕೇಳದ ಆಕೆ ಮರುದಿನ ಮಧ್ಯಾಹ್ನ ತಟ್ಟೆ ಹಿಡಿದು, ಹಾಜಿಯವರು ಹೇಳಿದ ಜಾಗದಲ್ಲೇ ನಿಂತಿದ್ದಳು.